ದನಿ ವಾಪಸ್ ಬಂತು, ಎಲ್ಲರಿಗೂ ಧನ್ಯವಾದ

ಗಂಟಲಿನ ಆಪರೇಷನ್ ಆದಮೇಲೆ ಕಳೆದ ವಾರ ಮೊದಲ ಸಲ ಸಂಗೀತ ಕಾರ್ಯಕ್ರಮವನ್ನು ಪೂರ್ತಿ ನಡೆಸಿಕೊಟ್ಟೆ. ಧ್ವನಿತಂತುಗಳ ಮೇಲೆ ಗಂಟು ಆಗಿತ್ತು. ಪಿಸುಮಾತು ಕೂಡ ಆಡಬೇಡಿ, ಅದರಿಂದಲೂ ಗಂಟಲಿಗೆ ಶ್ರಮ ಅಂದಿದ್ದರು ಡಾಕ್ಟರು. ಮಾತನ್ನೇ ನಂಬಿ ಬದುಕುವವಳಿಗೆ ಆ ಮೌನ ಎಷ್ಟು ಕಷ್ಟ ಅಂತ ಬಿಡಿಸಿ ಹೇಳಬೇಕಿಲ್ಲ ಅಲ್ವಾ?

ನನ್ನ ಸ್ಪೀಚ್ ಥೆರಪಿಸ್ಟ್‌ಗೆ ಮೊದಲ ನಮಸ್ಕಾರ. ಲೋಟದ ನೀರಿನಲ್ಲಿ ಸ್ಟ್ರಾ ಇಟ್ಟು, ಗುಳ್ಳೆ ಏಳುವ ಹಾಗೆ 'ಊ' ಅಂತ ಸಣ್ಣಗೆ ದನಿ ಹೊರಡಿಸುವುದನ್ನು ಕಲಿಸಿದವರು ಅವರು. ಎಷ್ಟು ಸಲ ಬೇಸರ ಮಾಡಿಕೊಂಡರೂ ನನ್ನನ್ನು ಬಿಡಲಿಲ್ಲ.

ದನಿ ಬಂತು. ಆದರೆ ಹಳೆಯದಲ್ಲ, ಗೊಗ್ಗರು ದನಿ. ಇದು ಮೈಕಿಗೆ ಆಗಲ್ಲ ಅಂತ ಒಬ್ಬರು ಮುಖಕ್ಕೇ ಹೇಳಿದರು. ಆಗ ನನ್ನ ಕೈ ಹಿಡಿದವರು ನೀನಾ ಬ್ಲ್ಯಾಕ್‌ವುಡ್. ಅವರಿಗೆ ನನ್ನ ಪರಿಚಯವೇ ಇಲ್ಲ. ಆದರೂ ಇಲ್ಲಿ ಅವರ ಹೆಸರು ಬರಲೇಬೇಕು.

ಅಮೆರಿಕದಲ್ಲಿ 1981ರ ಆಗಸ್ಟ್ 1ರಂದು ಹಾಡುಗಳ ವಿಡಿಯೋ ತೋರಿಸುವ ಟಿವಿ ಚಾನೆಲ್ ಎಂಟಿವಿ ಶುರುವಾದಾಗ ಅದರಲ್ಲಿದ್ದ ಐವರು ವಿಜೆಗಳಲ್ಲಿ (ವಿಡಿಯೋ ಜಾಕಿ, ಅಂದರೆ ಹಾಡುಗಳ ಮಧ್ಯೆ ಮಾತಾಡುವ ನಿರೂಪಕರು) ನೀನಾ ಒಬ್ಬರು. ಮಾರ್ಕ್ ಗುಡ್‌ಮನ್, ಅಲನ್ ಹಂಟರ್, ಮಾರ್ಥಾ ಕ್ವಿನ್, ಜೆ.ಜೆ. ಜಾಕ್ಸನ್ ಉಳಿದವರು. ನೀನಾ ನಟನೆ ಕಲಿತು ಬಂದವರು. 1982ರ 'ವೈಸ್ ಸ್ಕ್ವಾಡ್' ಚಿತ್ರದಲ್ಲಿ ಜಿಂಜರ್ ಪಾತ್ರ ಮಾಡಿದ್ದಾರೆ. ಸಣ್ಣ ಪಾತ್ರವೇ, ಆದರೆ ನೋಡಿದವರಿಗೆ ಮರೆಯುವುದಿಲ್ಲ.

ಅವರ ದನಿಯೂ ಗೊಗ್ಗರೇ! ಕೇಳಿದ ತಕ್ಷಣ ಇವರೇ ಅಂತ ಗೊತ್ತಾಗುತ್ತದೆ. ಮಾತಾಡುವ ಹಾಗಿಲ್ಲದ ದಿನಗಳಲ್ಲಿ ಅವರ ಹಳೆಯ ತುಣುಕುಗಳನ್ನು ಹುಡುಕಿ ಹುಡುಕಿ ನೋಡಿದೆ. ಆ ವಿಜೆಗಳು ಸ್ಟುಡಿಯೋದಲ್ಲಿ ತಮ್ಮ ಮಾತುಗಳನ್ನಷ್ಟೇ ರೆಕಾರ್ಡ್ ಮಾಡುತ್ತಿದ್ದರು. ಹಾಡುಗಳನ್ನು ಆಮೇಲೆ ಮಧ್ಯೆ ಸೇರಿಸುತ್ತಿದ್ದರು. ಅಂದರೆ, ನೀನಾ ಈಗಷ್ಟೇ ಹಾಡು ನೋಡಿ ಮುಗಿಸಿದವರ ಹಾಗೆ ಕಣ್ಣರಳಿಸಿ ಮಾತಾಡುವಾಗ ಎದುರಿಗೆ ಹಾಡೇ ಇಲ್ಲ, ಕ್ಯಾಮೆರಾ ಮಾತ್ರ. ಇದು ನಟನೆಯಲ್ಲದೆ ಮತ್ತೇನು? ವಿಜೆ ಕೆಲಸ ಅಂದರೆ ಸುಮ್ನೆ ಹಾಡಿನ ಹೆಸರು ಓದುವುದು ಅಂದುಕೊಂಡವರು ಅದನ್ನೊಮ್ಮೆ ನೋಡಬೇಕು. ಸಿನಿಮಾಕ್ಕೆ ಕಲಿತದ್ದೆಲ್ಲ ಅಲ್ಲಿ ಕೆಲಸಕ್ಕೆ ಬಂದಿದೆ ಅಂತ ನನಗೆ ಅನ್ನಿಸಿತು.

1986ರಲ್ಲಿ ಅವರು ಎಂಟಿವಿ ಬಿಟ್ಟರು. ಮಾತು ಬಿಡಲಿಲ್ಲ. 'ಸಾಲಿಡ್ ಗೋಲ್ಡ್' ಎಂಬ ಸಂಗೀತ ಕಾರ್ಯಕ್ರಮಕ್ಕೆ ಹೋದರು, ಎಷ್ಟೋ ವರ್ಷಗಳ ನಂತರ ಸಿರಿಯಸ್ ಎಕ್ಸ್‌ಎಂ ರೇಡಿಯೋದಲ್ಲಿ ಅದೇ ಎಂಬತ್ತರ ದಶಕದ ಹಾಡುಗಳನ್ನು ಪರಿಚಯಿಸಿದರು. ಅಲ್ಲಿ ಮುಖವೇ ಕಾಣುವುದಿಲ್ಲ. ಆ ದನಿಯನ್ನೇ ಜನ ಕೇಳಿದರು. ನನಗೆ ಬೇಕಿದ್ದ ಧೈರ್ಯ ಇದೇ. ಥ್ಯಾಂಕ್ಸ್, ನೀನಾ ಮೇಡಂ.

ಇನ್ನು ನಮ್ಮ ಸೌಂಡ್ ಎಂಜಿನಿಯರ್. ದನಿಯನ್ನು ಸ್ವಲ್ಪ ನಯ ಮಾಡಿಬಿಡಿ ಅಂತ ನಾನೇ ಕೇಳಿದ್ದೆ. ಅವರು ಎರಡೂ ಥರ ಕೇಳಿಸಿ, "ಇದೇ ಇರಲಿ ಮೇಡಂ, ಇದು ನಿಮ್ಮದು" ಅಂದರು. ಹಾಗೇ ಪ್ರಸಾರವಾಯಿತು. ನಾನಿಲ್ಲದಾಗ ಕಾರ್ಯಕ್ರಮ ನಿಲ್ಲದ ಹಾಗೆ ನೋಡಿಕೊಂಡ ಗೆಳತಿಯರಿಗೆ, "ಯಾವಾಗ ಬರ್ತೀರಿ?" ಅಂತ ಕೇಳುತ್ತಲೇ ಇದ್ದ ಕೇಳುಗರಿಗೆ ನಾನು ಋಣಿ. ಮುಂದಿನ ವಾರ ಪೂರ್ತಿ ಎಂಬತ್ತರ ದಶಕದ ರಾಕ್ ಹಾಡುಗಳೇ. ನಿಮಗಿಷ್ಟವಾದದ್ದನ್ನು ಬರೆದು ಕಳಿಸಿ, ನಾನೇ ಓದುತ್ತೇನೆ.