ಮಗಳಿಗೊಂದು ಪತ್ರ: ಕಂದಕದಾಚೆಗೆ ಹೊರಟ ಬಾಣಲೆ

ಬರ್ನ್, ಸ್ವಿಟ್ಜರ್ಲೆಂಡ್,
ಭಾನುವಾರ ಸಂಜೆ

ಪ್ರೀತಿಯ ಪುಟ್ಟಿ,

ನಿನ್ನೆ ರಾತ್ರಿ ನೀನು ಫೋನ್ ಮಾಡಿ "ಅಮ್ಮ, ರೋಶ್ಟಿ ಮಾಡುವುದು ಹೇಗೆ?" ಎಂದಾಗ ನನಗೇ ಸರಿಯಾಗಿ ಕೇಳಿಸಲಿಲ್ಲವೇನೋ ಎಂದುಕೊಂಡೆ. ಮನೆ ಬಿಟ್ಟು ಹೋದ ಮಗಳು ಒಂದಲ್ಲ ಒಂದು ದಿನ ಅಡುಗೆ ಕೇಳುತ್ತಾಳೆ ಎಂದು ಕಾದಿದ್ದೆ. ತಿಳಿಸಾರು ಕೇಳಿದರೆ ಬೇಳೆ ಎಷ್ಟು, ಹುಣಸೆಹಣ್ಣು ಎಷ್ಟು ಎಂದು ಮನಸ್ಸಿನಲ್ಲೇ ಅಳತೆ ಹಾಕಿಟ್ಟುಕೊಂಡಿದ್ದೆ. ನೀನು ಕೇಳಿದ್ದು ರೋಶ್ಟಿ, ಆಲೂಗಡ್ಡೆ ತುರಿದು ಬೆಣ್ಣೆಯಲ್ಲಿ ಹುರಿಯುವ ಇಲ್ಲಿಯವರ ತಿಂಡಿ. "ಬರೆದು ಕಳಿಸುತ್ತೇನೆ" ಎಂದು ಫೋನ್ ಇಟ್ಟುಬಿಟ್ಟೆ. ಸ್ವಲ್ಪ ಮುನಿಸಿತ್ತು, ಸುಳ್ಳೇಕೆ ಹೇಳಲಿ. ಅಪ್ಪನಿಗೆ ಹೇಳಿದರೆ, "ಅವಳು ಹುಟ್ಟಿದ್ದು ಬರ್ನ್‌ನಲ್ಲಿ, ಹಾಸನದಲ್ಲಿ ಅಲ್ಲವಲ್ಲ" ಎಂದು ಮತ್ತೆ ಪೇಪರಿನ ಹಿಂದೆ ಮುಖ ಮರೆಸಿಕೊಂಡರು.

ಕನ್ನಡದಲ್ಲೇ ಬರೆಯುತ್ತಿದ್ದೇನೆ. ಒತ್ತಕ್ಷರ ಬಂದಲ್ಲಿ ತಡವರಿಸುತ್ತೀಯೆ. ಪರವಾಗಿಲ್ಲ, ತಡವರಿಸು. ಈ ಅಡುಗೆಗೆ ಹೇಗೂ ಒಂದು ರಾತ್ರಿ ಕಾಯಲೇಬೇಕು, ಓದಲು ಬೇಕಾದಷ್ಟು ಸಮಯವಿದೆ.

ಅಂಗಡಿಯಲ್ಲಿ ಆಲೂಗಡ್ಡೆ ಹಸಿರು ಚೀಲದ್ದನ್ನೇ ತೆಗೆದುಕೋ. ನೀಲಿ ಚೀಲದ್ದು ಬೆಂದರೆ ಹಿಟ್ಟಾಗುವ ಜಾತಿ, ಅದು ಹಿಸುಕಿ ಮಾಡುವ ಅಡುಗೆಗೆ. ನೀನಿರುವ ಲೋಸಾನ್‌ನಲ್ಲಿ ಚೀಲದ ಮೇಲೆ ಫ್ರೆಂಚಿನಲ್ಲಿ 'ಶೇರ್ ಫೆರ್ಮ್' ಎಂದು ಬರೆದಿರುತ್ತದೆ, ಗಟ್ಟಿ ತಿರುಳಿನದು ಎಂದು ಅರ್ಥ. ನಿನ್ನೊಬ್ಬಳಿಗೆ 300 ಗ್ರಾಂ ಸಾಕು, ಗೆಳತಿಯೂ ಬಂದರೆ ಅರ್ಧ ಕಿಲೊಗಿಂತ ಸ್ವಲ್ಪ ಮೇಲಿರಲಿ. ಸಿಪ್ಪೆ ಸಮೇತ ಬೇಯಿಸು. ಚಾಕು ಚುಚ್ಚಿದರೆ ಒಳಗೆ ಹೋಗಬೇಕು, ಆದರೆ ಸ್ವಲ್ಪ ಬಿಗಿ ಇರುವಾಗಲೇ ನೀರು ಬಸಿದುಬಿಡು. ಆರಿದ ಮೇಲೆ ಸಿಪ್ಪೆ ತೆಗೆಯದೆ ಫ್ರಿಜ್ಜಿನಲ್ಲಿಟ್ಟು ಮಲಗಿಕೋ. ಅಂದಿನ ಕೆಲಸ ಅಷ್ಟೇ.

ಆ ರಾತ್ರಿಯೊಂದನ್ನು ಹಾರಿಸಿಬಿಡಬಹುದು ಎಂದು ನಿನಗೆ ಅನ್ನಿಸುತ್ತದೆ, ನನಗೂ ಅನ್ನಿಸಿತ್ತು. ನಾನು ಹಾಸನದವಳು. ನಿಮ್ಮ ತಾತ ಮುಂಗಾರು ಶುರುವಾಗುವ ಹೊತ್ತಿಗೆ ಆಲೂಗಡ್ಡೆ ಹಾಕುತ್ತಿದ್ದರು. ಬಿತ್ತನೆ ಗಡ್ಡೆ ದೂರದ ಪಂಜಾಬಿನ ಜಲಂಧರ್‌ನಿಂದ ಲಾರಿಯಲ್ಲಿ ಬರುತ್ತಿತ್ತು. ಗಡ್ಡೆಯನ್ನು ಕಣ್ಣು ನೋಡಿ ಹೋಳು ಮಾಡುವುದು ನಮ್ಮ ಕೆಲಸ. ಮೋಡ ಕವಿದು ಮಳೆ ಬಿಡದೆ ಜಿನುಗಿದರೆ ತಾತನಿಗೆ ಅಂಗಮಾರಿಯ ಭಯ. ಎರಡೇ ದಿನದಲ್ಲಿ ಹಸಿರು ಹೊಲ ಸುಟ್ಟಂತೆ ಕಪ್ಪಾಗುವುದನ್ನು ನಾನು ಕಂಡಿದ್ದೇನೆ. ಅಂಥ ಮನೆಯವಳಿಗೆ ಆಲೂಗಡ್ಡೆ ಬೇಯಿಸುವುದನ್ನು ಇನ್ನೊಬ್ಬರು ಕಲಿಸಬೇಕೆ ಎಂಬ ಗರ್ವ ನನಗೆ.

ಇಲ್ಲಿಗೆ ಬಂದ ಮೊದಲ ಚಳಿಗಾಲದಲ್ಲಿ ಆಗಷ್ಟೇ ಬೆಂದ ಬಿಸಿ ಗಡ್ಡೆಯನ್ನು ತುರಿಯಲು ಹೋದೆ. ತುರಿಮಣೆಯ ಈ ಕಡೆಯಿಂದ ಹಾಕಿದ್ದು ಆ ಕಡೆಯಿಂದ ಮುದ್ದೆಯಾಗಿ ಬಂತು. ಬಾಣಲೆಗೆ ಹಾಕಿದರೆ ತಳ ಹಿಡಿಯಿತು, ಮೇಲೆ ಅಂಟಂಟಾಯಿತು. ಕೊನೆಗೆ ಸಾಸಿವೆ, ಕರಿಬೇವು, ಹಸಿಮೆಣಸಿನಕಾಯಿ ಹಾಕಿ ದೋಸೆಯ ಪಲ್ಯ ಮಾಡಿಬಿಟ್ಟೆ. ಕರಿಬೇವೂ ಒಣಗಿದ್ದೇ, ಅಮ್ಮ ಪೊಟ್ಟಣ ಕಟ್ಟಿ ಕೊಟ್ಟದ್ದು. ಅಪ್ಪ ಎರಡು ಸಲ ಹಾಕಿಸಿಕೊಂಡರು, ಅದು ಬೇರೆ ಮಾತು.

ಬೆಂದ ಗಡ್ಡೆ ತಣ್ಣಗೆ ಕೂತಷ್ಟೂ ಅದರೊಳಗಿನ ಪಿಷ್ಟ ಬಿಗಿಯಾಗುತ್ತದೆ. ಆಗಲೇ ತುರಿದರೆ ಎಳೆ ಎಳೆಯಾಗಿ ಬೀಳುವುದು, ಬೆಣ್ಣೆಯಲ್ಲಿ ಹುರಿದರೆ ಒಂದಕ್ಕೊಂದು ಹಿಡಿದುಕೊಂಡೂ ಬಿಡಿಬಿಡಿಯಾಗಿ ನಿಲ್ಲುವುದು. ರಾತ್ರಿಯ ಅನ್ನದಲ್ಲೇ ಬೆಳಗಿನ ಚಿತ್ರಾನ್ನ ಉದುರುದುರಾಗಿ ಬರುತ್ತದಲ್ಲ, ಅದೇ ಗುಟ್ಟು. ನಿತ್ಯ ಚಿತ್ರಾನ್ನ ಮಾಡುವವಳಿಗೆ ಇಷ್ಟು ಹೊಳೆಯಲಿಲ್ಲ ನೋಡು! ನನಗೆ ಇದನ್ನು ತೋರಿಸಿಕೊಟ್ಟವರು ಕೆಳಮನೆಯ ಗ್ರೋಸಿ, ಇಲ್ಲಿಯವರ ಮಾತಿನಲ್ಲಿ ಅಜ್ಜಿ. ಅಂದು ಸುಟ್ಟ ವಾಸನೆ ಕೆಳಗಿನವರೆಗೂ ಹೋಗಿತ್ತೇನೋ. ಮಾರನೆಯ ದಿನ ಬೆಳಗ್ಗೆ ಒಂದು ಬಟ್ಟಲು ತುಂಬ ತಣ್ಣನೆಯ 'ಗ್ಶ್ವೆಲ್ಟಿ' ಹಿಡಿದು ಬಾಗಿಲಲ್ಲಿ ನಿಂತಿದ್ದರು. ಸಿಪ್ಪೆ ಸಮೇತ ಬೆಂದ ಗಡ್ಡೆಗೆ ಅವರ ಬಾಯಲ್ಲಿ ಅದೇ ಹೆಸರು. ನನಗೆ ಆಗ ಜರ್ಮನ್ ಬಾರದು, ಅವರಿಗೆ ಇಂಗ್ಲಿಷ್ ಬಾರದು. ಗಡ್ಡೆ ಎತ್ತಿ ಗೋಡೆಗೆ ಬಡಿಯುವಂತೆ ಮಾಡಿ ತೋರಿಸಿದರು: ಇಷ್ಟು ಗಟ್ಟಿ ಇರಬೇಕು ಎಂದು.

ಈಗ ಬೆಳಗಿನ ಕೆಲಸ. ಸಿಪ್ಪೆ ಸುಲಿದು ದೊಡ್ಡ ಕಣ್ಣಿನ ತುರಿಮಣೆಯಲ್ಲಿ ತುರಿ. ಕೈಯನ್ನು ಒಂದೇ ದಿಕ್ಕಿಗೆ ಉದ್ದವಾಗಿ ಎಳೆ, ಹಿಂದೆ ಮುಂದೆ ಉಜ್ಜಬೇಡ. ತುರಿಗೆ ಉಪ್ಪು ಬೆರೆಸು. ಬಾಣಲೆಯಲ್ಲಿ ಎರಡು ಚಮಚ 'ಬ್ರಾಟ್‌ಬುಟ್ಟರ್' ಕಾಯಿಸು. ಅಲ್ಲಿ ಅದನ್ನು 'ಬರ್ ಆ ರೋತೀರ್' ಎನ್ನುತ್ತಾರೆ. ನೀರು, ಹಾಲಿನಂಶ ತೆಗೆದ ಬೆಣ್ಣೆ ಅದು, ನಮ್ಮ ತುಪ್ಪಕ್ಕೆ ತೀರ ಹತ್ತಿರದ ನೆಂಟ. ತುಪ್ಪ ಹಾಕಿದರೂ ನಡೆಯುತ್ತದೆ. ಗ್ರೋಸಿಗೆ ಗೊತ್ತಾಗದಂತೆ ನಾನು ಎಷ್ಟೋ ಸಲ ಹಾಕಿದ್ದೇನೆ. ಬೆಣ್ಣೆ ಬಿಸಿಯಾದ ಮೇಲೆ ತುರಿ ಹಾಕಿ ಎರಡು ಮೂರು ನಿಮಿಷ ಹಗುರವಾಗಿ ತಿರುವು, ಎಲ್ಲ ಎಳೆಗೂ ಜಿಡ್ಡು ತಗಲಲಿ. ಆಮೇಲೆ ಸಟ್ಟುಗದಿಂದ ದುಂಡಗೆ ತಟ್ಟು, ಅಂಚನ್ನು ಒಳಕ್ಕೆ ಒತ್ತು, ಉರಿ ತಗ್ಗಿಸು. ಇನ್ನು ಹದಿನೈದು ನಿಮಿಷ ಕೈ ಕಟ್ಟಿ ನಿಲ್ಲು.

ಕಷ್ಟವೆಲ್ಲ ಈ ಹದಿನೈದು ನಿಮಿಷದ್ದೇ. ಎತ್ತಿ ನೋಡೋಣ ಎಂದು ಕೈ ತುರಿಸುತ್ತದೆ. ಎತ್ತಬೇಡ, ಕಿವಿ ಕೊಡು. ಮೊದಲು ಜೋರಾಗಿ ಚುಂಯ್‌ಗುಡುತ್ತದೆ, ಅದು ನೀರಿನಂಶ ಹೋಗುವ ಸದ್ದು. ಆಮೇಲೆ ಸದ್ದು ಸಣ್ಣದಾಗಿ, ಎಲೆಯ ಮೇಲೆ ತುಂತುರು ಬಿದ್ದಂತೆ ಆಗುತ್ತದೆ. ಅಷ್ಟು ಹೊತ್ತಿಗೆ ಬೀಜ ಹುರಿದ ಹಾಗೆ ಘಮ ಬರುತ್ತದೆ. ಬಾಣಲೆ ಅಲ್ಲಾಡಿಸಿದರೆ ರೋಶ್ಟಿ ಇಡಿಯಾಗಿ ಜಾರಬೇಕು. ಜಾರದಿದ್ದರೆ ಇನ್ನೂ ಆಗಿಲ್ಲ. ಜಾರಿದರೆ ಬಾಣಲೆಗಿಂತ ಅಗಲದ ತಟ್ಟೆಯನ್ನು ಮುಚ್ಚಿ, ಅಂಗೈಯಲ್ಲಿ ಒತ್ತಿ ಹಿಡಿದು, ಸಿಂಕಿನ ಮೇಲೆ ಒಂದೇ ಏಟಿಗೆ ಮಗುಚು. ನಡುವೆ ಯೋಚನೆ ಮಾಡಬೇಡ. ಬಾಣಲೆಗೆ ಇನ್ನೊಂದು ಚೂರು ಬೆಣ್ಣೆ ಹಾಕಿ, ತಟ್ಟೆಯಿಂದ ಜಾರಿಸಿ, ಇನ್ನೊಂದು ಮೈಯನ್ನು ಹತ್ತು ನಿಮಿಷ ಕೆಂಪಾಗಿಸು. ಸರಿ ಬಂದದ್ದಕ್ಕೆ ದೋಸೆಯಂಥ ಬಣ್ಣ, ಒಡೆದರೆ ಒಳಗೆ ಬೆಳ್ಳಗೆ ಹಬೆ.

ಹಸಿ ಗಡ್ಡೆ ತುರಿದು ಮಾಡುವವರೂ ಇದ್ದಾರೆ. ಹಾಸ್ಟೆಲಿನಲ್ಲಿ ಯಾರಾದರೂ ಅದೇ ಸರಿ ಎಂದು ವಾದ ಮಾಡಿದರೆ ಮಾಡಲಿ, ನೀನು ಬರ್ನ್‌ನವಳು. ಬೆಳ್ಳಿ ಬಣ್ಣದ ಪೊಟ್ಟಣದಲ್ಲಿ ಬರುವ ಸಿದ್ಧ ರೋಶ್ಟಿ ಪರೀಕ್ಷೆಯ ವಾರಕ್ಕೆ ಮಾತ್ರ. ನಾನೂ ತಂದಿದ್ದೇನೆ, ನಿನಗೆ ಹೇಳಿರಲಿಲ್ಲ.

ಒಂದು ಸಲ ಜೀರಿಗೆ, ಈರುಳ್ಳಿ, ಹಸಿಮೆಣಸಿನಕಾಯಿ ಸೇರಿಸಿ ರೋಶ್ಟಿ ಮಾಡಿ ಗ್ರೋಸಿಗೆ ಕೊಟ್ಟೆ. ನಿಧಾನವಾಗಿ ಅಗಿದು "ಸ್ಪೆಟ್ಸಿಯೆಲ್" ಎಂದರು. ವಿಶೇಷವಾಗಿದೆ ಎಂದು ಹೊಗಳಿದರಲ್ಲ ಎಂದು ನಾನು ಹಿಗ್ಗಿದೆ. ಇಲ್ಲಿಯವರು ಹಾಗೆಂದರೆ ಸೇರಲಿಲ್ಲ ಎಂದು ಅರ್ಥ, ಅದು ತಿಳಿಯಲು ನನಗೆ ಮೂರು ವರ್ಷ ಬೇಕಾಯಿತು.

ಜರ್ಮನ್ ಸ್ವಲ್ಪ ಬಂದ ಮೇಲೆ ಅವರು ಎಮ್ಮೆಂಟಾಲ್‌ನ ತಮ್ಮ ಹಳ್ಳಿಯ ಕಥೆ ಹೇಳುತ್ತಿದ್ದರು. ಬೆಳಗಿನ ಹಾಲು ಕರೆದು ಬಂದವರಿಗೆ ಮೇಜಿನ ನಡುವೆ ಒಂದೇ ಬಾಣಲೆ, ಸುತ್ತ ಎಲ್ಲರ ಚಮಚಗಳು, ಜೊತೆಗೆ ಹಾಲು ಹೆಚ್ಚು ಹಾಕಿದ ಕಾಫಿ. ಹೋಟೆಲಿನಲ್ಲಿ ಮಾಂಸದ ಪಕ್ಕ ಕೂರಿಸುವ ರೋಶ್ಟಿ ಮೊದಲು ರೈತರ ಬೆಳಗಿನ ತಿಂಡಿ. ಅದಕ್ಕೂ ಹಿಂದೆ ಬೆಳಗ್ಗೆ ಗಂಜಿ ಕುಡಿಯುತ್ತಿದ್ದರಂತೆ. ಆಲೂಗಡ್ಡೆ ಈ ದೇಶಕ್ಕೂ ಪರದೇಶಿಯೇ, ದಕ್ಷಿಣ ಅಮೆರಿಕದಿಂದ ಬಂದದ್ದು. 1770–71ರ ಬರಗಾಲದಲ್ಲಿ ಧಾನ್ಯ ಕೈಕೊಟ್ಟ ಮೇಲೆ ಇಲ್ಲಿಯ ಹೊಲಗಳಲ್ಲಿ ಬೇಗ ಹರಡಿತು. 1845ರಲ್ಲಿ ಇಲ್ಲಿಗೂ ಅಂಗಮಾರಿ ಬಂತು. ಅದನ್ನು ಓದಿದ ದಿನ ನಿಮ್ಮ ತಾತನಿಗೆ ಫೋನ್ ಮಾಡಿ ಹೇಳಿದೆ. "ಅಲ್ಲಿಗೂ ಬಿಡಲಿಲ್ಲವೇ ಅದು" ಎಂದರು, ದೂರದ ಸಂಬಂಧಿಕರ ಸಾವಿನ ಸುದ್ದಿ ಕೇಳಿದವರಂತೆ.

ನಿನ್ನನ್ನು ಬಿಡಲು ಸೆಪ್ಟೆಂಬರಿನಲ್ಲಿ ಬಂದಾಗ, ಫ್ರಿಬೂರ್ ಬರುವ ಮುಂಚೆ ರೈಲು ಎತ್ತರದ ಸೇತುವೆ ದಾಟಿತಲ್ಲ, ಕೆಳಗೆ ಹರಿಯುವುದು ಸಾನೆ ನದಿ. ಅಲ್ಲಿಗೆ ಜರ್ಮನ್ ಮುಗಿದು ಫ್ರೆಂಚ್ ಶುರು ಎಂದು ಜನ ಹೇಳುವುದು. ನಡುವಿನ ಗೆರೆಗೆ ಇಟ್ಟ ಹೆಸರು ನಿನಗೆ ಗೊತ್ತೇ ಇದೆ: ರೋಶ್ಟಿಗ್ರಾಬೆನ್, ರೋಶ್ಟಿ ಕಂದಕ. ಮೊದಲ ಮಹಾಯುದ್ಧದಲ್ಲಿ ಈ ಕಡೆಯವರ ಮನಸ್ಸು ಜರ್ಮನಿಯತ್ತ, ಆ ಕಡೆಯವರದು ಫ್ರಾನ್ಸಿನತ್ತ ವಾಲಿದಾಗಲೇ ಕಂದಕದ ಮಾತು ಎದ್ದಿತ್ತು. ರೋಶ್ಟಿಯ ಹೆಸರು ಅಂಟಿದ್ದು ಆಮೇಲೆ. 1992ರ ಡಿಸೆಂಬರ್ 6ರಂದು ಯುರೋಪಿನ ಆರ್ಥಿಕ ವಲಯಕ್ಕೆ ಸೇರಬೇಕೇ ಎಂದು ಮತ ಹಾಕಿದಾಗ ಶೇಕಡ 50.3ರಷ್ಟು ಜನ ಬೇಡವೆಂದರು. ಫ್ರೆಂಚ್ ಸೀಮೆಯವರಲ್ಲಿ ಹೆಚ್ಚಿನವರು ಬೇಕೆಂದಿದ್ದರು. ಗ್ರೋಸಿಯ ಮಗ ಮತ್ತು ಲೋಸಾನ್‌ನವಳಾದ ಸೊಸೆ ಆ ವಾರ ಊಟದ ಮೇಜಿನಲ್ಲಿ ಮಾತು ಬಿಟ್ಟಿದ್ದರಂತೆ.

ಆದರೂ ಒಂದು ಮಾತು. ಗ್ರೋಸಿ ಆಲೂಗಡ್ಡೆಗೆ 'ಹೆರ್ಡೊಪ್ಫೆಲ್' ಎನ್ನುತ್ತಿದ್ದರು, ನೆಲದ ಸೇಬು. ನಿನ್ನ ಹೊಸ ಊರಿನಲ್ಲಿ ಅದು 'ಪೊಮ್ ದ ತೆರ್', ಅದೂ ನೆಲದ ಸೇಬೇ. ಅಲ್ಲಿಯವರೂ ರೋಶ್ಟಿಯನ್ನು ಚೆನ್ನಾಗಿಯೇ ತಿನ್ನುತ್ತಾರೆ, ಕಂದಕದ ಬಗ್ಗೆ ತಮಾಷೆ ಮಾಡುತ್ತಲೇ.

ನಾಳೆ ನಿನಗೆ ಒಂದು ಪಾರ್ಸೆಲ್ ಹಾಕುತ್ತೇನೆ. ವೃದ್ಧಾಶ್ರಮಕ್ಕೆ ಹೋಗುವಾಗ ಗ್ರೋಸಿ ನನಗೆ ಕೊಟ್ಟ ಕಬ್ಬಿಣದ ಬಾಣಲೆ ಅದರಲ್ಲಿದೆ. ನೀನು ಅಂಬೆಗಾಲಿಡುವಾಗ ಮೊದಲ ರೋಶ್ಟಿ ತಿಂದದ್ದು ಅದರಿಂದಲೇ, ಅವರ ಚಮಚದಿಂದಲೇ. ನನ್ನ ಸಾರನ್ನ ಉಗಿದು ಅದನ್ನು ತಿಂದೆ, ಅಂದೂ ನನಗೆ ಮುನಿಸು ಬಂದಿತ್ತು. ನಮ್ಮಮ್ಮ ದೋಸೆ ಕಾವಲಿಯನ್ನು ಹೇಗೆ ನೋಡಿಕೊಳ್ಳುತ್ತಿದ್ದರೋ ಹಾಗೇ ಇದನ್ನು ನೋಡಿಕೋ: ಸೋಪು ತಾಗಿಸಬೇಡ, ಬಿಸಿನೀರಿನಲ್ಲಿ ತೊಳೆದು, ಒರೆಸಿ, ಒಂದು ಹನಿ ಎಣ್ಣೆ ಸವರಿಡು. ಹಾಸ್ಟೆಲಿನ ಅಡುಗೆಮನೆಯಲ್ಲಿ ಬಿಟ್ಟು ಬರಬೇಡ, ಯಾರಾದರೂ ಉಜ್ಜಿ ತೊಳೆದು ಉಪಕಾರ ಮಾಡಿಬಿಡುತ್ತಾರೆ.

ಮೊದಲನೆಯದು ಮಗುಚುವಾಗ ಮುರಿದರೆ ಮುರಿದದ್ದನ್ನೇ ಮೇಲೊಂದು ಮೊಟ್ಟೆ ಒಡೆದು ಹಾಕಿ ತಿನ್ನು. ಅಪ್ಪನಿಗೆ ಫೋಟೊ ಕಳಿಸಬೇಡ, ತಿಂಗಳುಗಟ್ಟಲೆ ಆಡಿಸುತ್ತಾರೆ.

ಇಂತಿ
ನಿನ್ನ ಅಮ್ಮ

ಮ.ವಿ.: ಬಾಣಲೆ ಎರಡು ಕಿಲೊ ದಾಟಿತು. ಅದರ ಮೇಲೆ ಅಂಚೆಯಲ್ಲಿ ಹತ್ತು ಕಿಲೊವರೆಗೂ ಒಂದೇ ದರ. ಕಾಸು ಕೊಟ್ಟು ಪೆಟ್ಟಿಗೆಯನ್ನು ಖಾಲಿ ಕಳಿಸುವುದೇಕೆ ಎಂದು ಸಾರಿನ ಪುಡಿ, ತೊಗರಿಬೇಳೆ, ಸ್ವಲ್ಪ ಹುಣಸೆಹಣ್ಣು ಇಟ್ಟಿದ್ದೇನೆ. ನೀನು ಕೇಳಿರಲಿಲ್ಲ, ಗೊತ್ತು.