ನಮ್ಮೂರು ಯಾವ ಪುಸ್ತಕದಾಗದ?

ಮಗಳ,

ನಿನ್ನೆ ಫೋನ್ ಮಾಡಿ ಕನ್ನಡ ಕಾದಂಬರಿಯಾಗ ಹಳ್ಳಿ ಅಂತ ಅಸೈನ್‌ಮೆಂಟ್ ಕೊಟ್ಟಾರ, ಏನ್ ಬರೀಲಿ ಅಂತ ಕೇಳ್ದಿ. ಆಗ ಹಂಚಿನ ಮ್ಯಾಲ ರೊಟ್ಟಿ ಇತ್ತು, ಏನೋ ಒಂದ್ ಹೇಳಿ ಫೋನ್ ಇಟ್ಟೆ, ರಾತ್ರಿ ಪೂರಾ ಅದೇ ತಲ್ಯಾಗ.

ನಾವು ಸಾಲ್ಯಾಗ ಓದಿದ ಹಳ್ಳಿ ಅಂದ್ರ ಮಳಿ, ಕಾಡು, ಅಡಿಕಿ ತೋಟ. ಕುವೆಂಪು ಅವರ ಮಲೆನಾಡು ಓದೂಮುಂದ ಇಷ್ಟು ಮಳಿ ಎಲ್ಲಿಂದ ಬರ್ತದಪ್ಪಾ ಅನ್ನಸ್ತಿತ್ತು, ಇಲ್ಲಿ ತೊಗರಿ ಬಿತ್ತೂ ಹೊತ್ತಿಗಿ ಒಂದ್ ಹದ ಮಳಿ ಬಂದ್ರ ಅದೇ ದೊಡ್ದು. ಪುಸ್ತಕದಾಗಿನ ಊರೇ ಬ್ಯಾರೆ, ನಮ್ಮೂರೇ ಬ್ಯಾರೆ ಅಂತ ಸುಮ್ನಿದ್ದೆ. ಆಮ್ಯಾಲ ಗೀತಾ ನಾಗಭೂಷಣ ಅವರ 'ಬದುಕು' ಕೈಗಿ ಸಿಕ್ತು. ಇಲ್ಲೇ ನಮ್ಮ ಕಲಬುರಗಿ ಕಡಿ ಸಾವಳಗಿಯವರು ನೋಡು, ಅವರಪ್ಪ ಎಂಎಸ್‌ಕೆ ಬಟ್ಟಿ ಮಿಲ್ಲಿನ್ಯಾಗ ದುಡದವ್ರು. 2004ರಾಗ ಆ ಕಾದಂಬರಿಗಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು, ಕನ್ನಡದಾಗ ಅದು ಪಡದ ಮೊದಲ್ನೇ ಹೆಣ್ಮಗಳು. ಪ್ರಶಸ್ತಿ ಇರ್ಲಿ, ಅದರಾಗಿನ ಬೈಗಳ ಸೈತ ನಮ್ಮ ಓಣಿದೇ! ಬಾವಿಕಟ್ಟಿ ಹೆಂಗಸ್ರು ಪುಸ್ತಕದಾಗ ಹೋಗಿ ಕುಂತಂಗ ಆಗಿತ್ತು ನನಗ.

ಇನ್ನೊಂದ್ ಹೇಳ್ಬೇಕು, ಇದು ನಿಮ್ಮಪ್ಪಗೂ ಹೇಳಿಲ್ಲ. ಪಿಯುಸ್ಯಾಗ ಕಾರಂತರ 'ಚೋಮನ ದುಡಿ' ಮ್ಯಾಲ ಪ್ರಶ್ನೆ ಬಂದಿತ್ತು. 1933ರ ಪುಸ್ತಕ, ಚೋಮನ ಕಡೆ ಎತ್ತು ಅವ, ಉಳಲಿಕ್ಕ ಸ್ವಂತ ಹೊಲ ಇಲ್ಲ, ಅವನ ಜಾತಿಯವ್ರಿಗಿ ಭೂಮಿ ಕೊಡೂದಿಲ್ಲ. ಎರಡು ಪುಟ ತುಂಬಾ ಬರದೆ, ಹತ್ತಕ್ಕ ಎಂಟು ಬಂತು. ಅದೇ ವರ್ಷ ನಿಮ್ಮ ಮುತ್ಯಾನ ಹೊಲಕ್ಕ ದುಡೀಲಿಕ್ಕ ಬರ್ತಿದ್ದ ಕಾಕಾನ ಚಹಾದ ಕಪ್ಪು, ದನದ ಕೊಟಗಿ ಮಾಡದಾಗ ಇರ್ತಿತ್ತು, ಕಿವಿ ಮುರದದ್ದು. ಅಂವ ತಾನೇ ತೊಳಕೊಂಡು ನೆಲದ ಮ್ಯಾಲ ಇಡ್ತಿದ್ದ, ನಾ ಮ್ಯಾಲಿಂದ ಚಹಾ ಸುರೀತಿದ್ದೆ. ಪರೀಕ್ಷಾದಾಗ ಆ ಕಪ್ಪು ನೆನಪಿಗಿ ಬರ್ಲೇ ಇಲ್ಲ ನೋಡವ್ವಾ.

ಅದಕ್ಕ ಹಳ್ಳಿ ಜನ ಮುಗ್ಧರು, ಪ್ರಕೃತಿ ಮಡಿಲು ಅಂತೆಲ್ಲಾ ಬರಿಬ್ಯಾಡ, ಸಾಕಾಗ್ಯದ ಓದಿ ಓದಿ. ಎಳ್ಳಮಾಸಿ ಹಬ್ಬಕ್ಕ ಎಲ್ಲಾರೂ ಹೊಲಕ್ಕ ಹೋಗಿ, ಭೂಮಿತಾಯಿಗಿ ಎಡಿ ಅಂತ ಚರಗಾ ಚೆಲ್ಲಿ ಭಜ್ಜಿ ರೊಟ್ಟಿ ಉಣ್ಣೂದು ಖರೇ, ಆ ಕಾಕಾ ಎಲ್ಲಿ ಕುಂತು ಉಂಡ ಅನ್ನೂದೂ ಬರಿ. ಈಗಂತೂ ಅರ್ಧ ಮನಿಗಿ ಕೀಲಿ, ಮುಂಬೈ ಪುಣೆಗಿ ಗುಳೆ ಹೋಗ್ಯಾರ.

'ಬದುಕು' ಪುಸ್ತಕ ತೊಗರಿಬ್ಯಾಳಿ ಜೋಡಿ ಕಳಸ್ಲಕತ್ತೀನಿ, ನಡುವ ಒಂದ್ ಪುಟಕ್ಕ ಅರಿಶಿಣ ಹತ್ತ್ಯದ, ನಂದೇ ಕೈ. ಯಾರಿಗೂ ಕೊಡಬ್ಯಾಡ, ತಿರುಗಿ ಬರೂದಿಲ್ಲ.

ನಿಮ್ಮವ್ವ
ಕಲಬುರಗಿ