ವಾರ್ಡಿನ ಗಡಿ ಎಳೆಯುವ ಕೆಲಸ ಸರ್ಕಾರದ ಕೈಯಲ್ಲಿ ಬೇಡ

ಮಾನ್ಯ ಸಂಪಾದಕರೇ,

ಬೆಂಗಳೂರಿನ ವಾರ್ಡ್‌ಗಳ ಸಂಖ್ಯೆ ಮೂರೂವರೆ ವರ್ಷದೊಳಗೆ 198ರಿಂದ 243ಕ್ಕೆ ಏರಿ, 225ಕ್ಕೆ ಇಳಿದು, ಕೊನೆಗೆ 369ಕ್ಕೆ ಬಂದು ನಿಂತಿದೆ. ಈ ಮೂರೂ ಪುನರ್‌ವಿಂಗಡಣೆಗಳಿಗೆ ಆಧಾರವಾಗಿದ್ದು 2011ರ ಒಂದೇ ಜನಗಣತಿ. ಜನಸಂಖ್ಯೆಯ ಅಂಕಿ ಬದಲಾಗದೆ ಗಡಿಗಳು ಮಾತ್ರ ಮೂರು ಬಾರಿ ಬದಲಾದವು ಎಂದರೆ, ಬದಲಾವಣೆಗೆ ಕಾರಣ ಜನರಲ್ಲ, ವಿಧಾನಸೌಧ ಎಂದೇ ತಿಳಿಯಬೇಕಾಗುತ್ತದೆ.

2022ರ ಜುಲೈನಲ್ಲಿ ಅಂದಿನ ಬಿಜೆಪಿ ಸರ್ಕಾರ 243 ವಾರ್ಡ್‌ಗಳ ಅಂತಿಮ ಅಧಿಸೂಚನೆ ಹೊರಡಿಸಿದಾಗ, ಅದು ಅವೈಜ್ಞಾನಿಕ ಮತ್ತು ಪಕ್ಷಪಾತದಿಂದ ಕೂಡಿದ್ದು ಎಂದು ಕಾಂಗ್ರೆಸ್ ಹೇಳಿತು. 2023ರ ಮೇ ತಿಂಗಳಲ್ಲಿ ಅಧಿಕಾರಕ್ಕೆ ಬಂದ ಕಾಂಗ್ರೆಸ್ ಸರ್ಕಾರ, ಹೈಕೋರ್ಟ್ ನೀಡಿದ ಕಾಲಾವಕಾಶದಲ್ಲಿ ಇಡೀ ಕಸರತ್ತನ್ನು ಮತ್ತೆ ಮಾಡಿ ಸೆಪ್ಟೆಂಬರ್‌ನಲ್ಲಿ 225 ವಾರ್ಡ್‌ಗಳನ್ನು ಪ್ರಕಟಿಸಿತು. ಆಕ್ಷೇಪ ಎತ್ತುವ ಸರದಿ ಆಗ ಬಿಜೆಪಿಯದಾಯಿತು. ವಿರೋಧ ಪಕ್ಷದಲ್ಲಿ ಕುಳಿತಾಗ ಇಬ್ಬರೂ ಆಡಿದ ಮಾತು ಸರಿಯಾಗಿಯೇ ಇತ್ತು ಎಂಬುದು ನನ್ನ ಅಭಿಪ್ರಾಯ. ಆದರೆ 243 ವಾರ್ಡ್‌ಗಳಿಗಾಗಲಿ 225 ವಾರ್ಡ್‌ಗಳಿಗಾಗಲಿ ಒಂದು ಚುನಾವಣೆಯೂ ನಡೆಯಲಿಲ್ಲ. ಅಷ್ಟರಲ್ಲಿ ಗ್ರೇಟರ್ ಬೆಂಗಳೂರು ಆಡಳಿತ ಕಾಯ್ದೆ 2025ರ ಮೇ 15ರಂದು ಜಾರಿಗೆ ಬಂದು, ಬಿಬಿಎಂಪಿಯ ಜಾಗದಲ್ಲಿ ಐದು ಪಾಲಿಕೆಗಳಾಗಿ, ನವೆಂಬರ್‌ನಲ್ಲಿ 369 ವಾರ್ಡ್‌ಗಳ ಪಟ್ಟಿ ಹೊರಬಿತ್ತು.

ಗಡಿ ಎಳೆಯುವವರಿಗೆ ಸಿಗುವ ಲಾಭ ಎಂಥದ್ದು ಎಂಬುದನ್ನು ಪಾಲಿಕೆ ರಾಜಕೀಯ ಬಲ್ಲವರಿಗೆ ವಿವರಿಸಬೇಕಿಲ್ಲ. ಒಂದು ಪಕ್ಷಕ್ಕೆ ಒಲವಿರುವ ಬಡಾವಣೆಯನ್ನು ಮೂರು ವಾರ್ಡ್‌ಗಳಿಗೆ ಹಂಚಿಬಿಟ್ಟರೆ ಅದು ಮೂರರಲ್ಲೂ ಅಲ್ಪಸಂಖ್ಯೆಗೆ ಇಳಿಯುತ್ತದೆ. ಅಂಥ ಬಡಾವಣೆಗಳನ್ನೆಲ್ಲ ಒಂದೇ ವಾರ್ಡಿನಲ್ಲಿ ತುಂಬಿದರೆ ಅಲ್ಲಿ ಭಾರಿ ಅಂತರದ ಗೆಲುವು ಸಿಕ್ಕಿ, ಸುತ್ತಲಿನ ನಾಲ್ಕು ವಾರ್ಡ್‌ಗಳು ಎದುರಾಳಿಗೆ ಸಲೀಸಾಗುತ್ತವೆ. ಗಡಿಯ ಬೆನ್ನಿಗೇ ಮೀಸಲಾತಿ ಪಟ್ಟಿಯೂ ಹೊಸದಾಗುವುದರಿಂದ, ಐದು ವರ್ಷ ಒಂದು ವಾರ್ಡಿನಲ್ಲಿ ಕೆಲಸ ಮಾಡಿದವರಿಗೆ ಮುಂದೆ ತಾವು ಎಲ್ಲಿ ನಿಲ್ಲಬಹುದು ಎಂಬುದೇ ತಿಳಿಯದ ಸ್ಥಿತಿ ಬರುತ್ತದೆ. 2022ರಲ್ಲಿ ಗಡಿಯ ಜಗಳದ ಜೊತೆಗೆ ಮೀಸಲಾತಿ ಪಟ್ಟಿಯೂ ಹೈಕೋರ್ಟ್ ಮೆಟ್ಟಿಲೇರಿ ರದ್ದಾಗಿದ್ದನ್ನು ಓದುಗರು ಮರೆತಿರಲಾರರು.

ಆದರೆ ಕರ್ನಾಟಕದ ಅನುಭವದಲ್ಲಿ ಇದಕ್ಕಿಂತ ದೊಡ್ಡ ಹಾನಿ ಬೇರೊಂದಿದೆ. ಇಲ್ಲಿ ಗಡಿ ಎಳೆಯುವ ಅಧಿಕಾರವೇ ಚುನಾವಣೆಯನ್ನು ಮುಂದೂಡುವ ಅಧಿಕಾರವೂ ಆಗಿಬಿಟ್ಟಿದೆ. ಬಿಬಿಎಂಪಿಗೆ ಕೊನೆಯ ಚುನಾವಣೆ ನಡೆದದ್ದು 2015ರ ಆಗಸ್ಟ್‌ನಲ್ಲಿ. ಆ ಸದಸ್ಯರ ಅವಧಿ 2020ರ ಸೆಪ್ಟೆಂಬರ್ 10ಕ್ಕೆ ಮುಗಿಯಿತು. ಅವಧಿ ಮುಗಿಯುವ ಮೊದಲೇ ಹೊಸ ಚುನಾವಣೆ ಪೂರ್ಣಗೊಳ್ಳಬೇಕು ಎಂದು ಸಂವಿಧಾನದ 243ಯು ವಿಧಿ ಹೇಳುತ್ತದೆ; ಪುನರ್‌ವಿಂಗಡಣೆ ಬಾಕಿ ಇದೆ ಎಂಬುದು ಸ್ಥಳೀಯ ಸಂಸ್ಥೆಗಳ ಚುನಾವಣೆ ತಡೆಯಲು ನೆಪವಾಗಬಾರದು ಎಂದು ಸುಪ್ರೀಂ ಕೋರ್ಟ್ 2022ರ ಮೇ ತಿಂಗಳಲ್ಲಿ ಮಧ್ಯಪ್ರದೇಶದ ಪ್ರಕರಣದಲ್ಲಿ ಸ್ಪಷ್ಟಪಡಿಸಿತು. ಆದರೂ ರಾಜಧಾನಿಯ ಜನ ಐದು ವರ್ಷಕ್ಕೂ ಹೆಚ್ಚು ಕಾಲ ಒಬ್ಬ ಕಾರ್ಪೊರೇಟರ್ ಕೂಡ ಇಲ್ಲದೆ, ಕಸ, ಚರಂಡಿ, ಬೀದಿದೀಪಕ್ಕೆಲ್ಲ ಆಡಳಿತಾಧಿಕಾರಿಯ ಕಚೇರಿ ಮತ್ತು ಶಾಸಕರ ಮನೆಯ ಬಾಗಿಲು ಕಾಯಬೇಕಾಯಿತು. ವಾರ್ಡ್ ಸದಸ್ಯರಿಲ್ಲದ ನಗರದಲ್ಲಿ ಶಾಸಕರ ಮಾತಿಗೇ ತೂಕ. ಹಾಗಿರುವಾಗ ಗಡಿಗಳನ್ನು ಬೇಗ ಅಂತಿಮಗೊಳಿಸುವ ಆತುರ ಯಾರಿಗಿದ್ದೀತು?

ಹಳ್ಳಿಗಳ ಕಥೆ ಬೇರೆಯಲ್ಲ. ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳಿಗೆ ಕೊನೆಯ ಚುನಾವಣೆ ನಡೆದದ್ದು 2016ರಲ್ಲಿ. 2021ರಲ್ಲಿ ಅವಧಿ ಮುಗಿದಾಗ ಕ್ಷೇತ್ರ ವಿಂಗಡಣೆಯ ಅಧಿಕಾರ ರಾಜ್ಯ ಚುನಾವಣಾ ಆಯೋಗದ ಬಳಿಯೇ ಇತ್ತು. ಅದೇ ವರ್ಷ ಸರ್ಕಾರ ಪಂಚಾಯತ್ ರಾಜ್ ಕಾಯ್ದೆಗೆ ತಿದ್ದುಪಡಿ ತಂದು ಆ ಅಧಿಕಾರವನ್ನು ಆಯೋಗದಿಂದ ಹಿಂದಕ್ಕೆ ಪಡೆದು, ತಾನೇ ನೇಮಿಸುವ ಪ್ರತ್ಯೇಕ ಸೀಮಾ ನಿರ್ಣಯ ಆಯೋಗಕ್ಕೆ ವಹಿಸಿತು. ಅಧಿಕಾರಕ್ಕೆ ಬಂದ ಮತ್ತೊಂದು ಪಕ್ಷವೂ ಆ ತಿದ್ದುಪಡಿಯನ್ನು ರದ್ದುಪಡಿಸುವ ಗೋಜಿಗೆ ಹೋಗಲಿಲ್ಲ.

ಬೇರೆ ದಾರಿ ಇಲ್ಲವೆಂದೇನಲ್ಲ. ಪಕ್ಕದ ಕೇರಳದಲ್ಲಿ ಸ್ಥಳೀಯ ಸಂಸ್ಥೆಗಳ ವಾರ್ಡ್ ವಿಂಗಡಣೆ ನಡೆಸುವುದು ರಾಜ್ಯ ಚುನಾವಣಾ ಆಯುಕ್ತರೇ ಅಧ್ಯಕ್ಷರಾಗಿರುವ ಆಯೋಗ. ಲೋಕಸಭೆ, ವಿಧಾನಸಭೆಗಳ ವಿಷಯದಲ್ಲಿ ನಿವೃತ್ತ ನ್ಯಾಯಮೂರ್ತಿ ಕುಲದೀಪ್ ಸಿಂಗ್ ನೇತೃತ್ವದ ಕ್ಷೇತ್ರ ಪುನರ್‌ವಿಂಗಡಣಾ ಆಯೋಗದಲ್ಲಿ ಸಂಸದರೂ ಶಾಸಕರೂ ಸಹ-ಸದಸ್ಯರಾಗಿ (ಅಸೋಸಿಯೇಟ್ ಸದಸ್ಯರಾಗಿ) ಇದ್ದರು, ಆದರೆ ಅವರಿಗೆ ಮತದಾನದ ಹಕ್ಕು ಇರಲಿಲ್ಲ; ಆ ಆಯೋಗ ಎಳೆದ ಗಡಿಗಳ ಮೇಲೆ ದೇಶದಲ್ಲಿ ಮೊದಲು ಚುನಾವಣೆ ನಡೆದದ್ದು 2008ರಲ್ಲಿ ನಮ್ಮ ರಾಜ್ಯದಲ್ಲೇ. ವಿಧಾನಸಭೆಗೆ ಒಪ್ಪಿತವಾದ ಕ್ರಮ ಪಾಲಿಕೆಗೆ ಏಕೆ ಒಪ್ಪಿತವಾಗಬಾರದು?

ಅಮೆರಿಕದ ಮಿಷಿಗನ್ ರಾಜ್ಯದ ಜನ ಈ ವಿಚಾರದಲ್ಲಿ ಶಾಸನಸಭೆಯ ಕೃಪೆಗೆ ಕಾಯಲಿಲ್ಲ. 2016ರ ಚುನಾವಣೆಯ ಬಳಿಕ ರಾಜಕೀಯದ ಹಿನ್ನೆಲೆ ಇಲ್ಲದ ಯುವತಿಯೊಬ್ಬರು ಫೇಸ್‌ಬುಕ್‌ನಲ್ಲಿ ಬರೆದ ಒಂದು ಸಾಲಿನಿಂದ ಆರಂಭವಾದ ಚಳವಳಿ, ಸ್ವಯಂಸೇವಕರ ಮೂಲಕವೇ ನಾಲ್ಕು ಲಕ್ಷಕ್ಕೂ ಹೆಚ್ಚು ಸಹಿ ಸಂಗ್ರಹಿಸಿ 2018ರಲ್ಲಿ ವಿಷಯವನ್ನು ಜನಮತಕ್ಕೆ ತಂದಿತು, ಶೇ 61ರಷ್ಟು ಮತದಾರರು ಒಪ್ಪಿದರು. ಈಗ ಅಲ್ಲಿ ಎರಡು ಪಕ್ಷಗಳ ಒಲವಿನ ತಲಾ ನಾಲ್ವರು, ಯಾವ ಪಕ್ಷಕ್ಕೂ ಸೇರದ ಐವರು ಸೇರಿ 13 ಮಂದಿ ಸಾಮಾನ್ಯ ನಾಗರಿಕರ ಆಯೋಗ ಗಡಿ ಎಳೆಯುತ್ತದೆ. ನಮ್ಮಲ್ಲಿ ಅಂಥ ಜನಮತದ ಅವಕಾಶವಿಲ್ಲ, ಕಾಯ್ದೆ ಬದಲಾಗಬೇಕಾದದ್ದು ವಿಧಾನಮಂಡಲದಲ್ಲೇ. ಒತ್ತಡ ಹೇರುವ ಕೆಲಸವಂತೂ ನಮ್ಮದೇ.

ಚುನಾವಣಾ ಆಯುಕ್ತರನ್ನೂ ಸರ್ಕಾರದ ಸಲಹೆಯಂತೆಯೇ ರಾಜ್ಯಪಾಲರು ನೇಮಿಸುತ್ತಾರಲ್ಲ, ಅವರು ಎಷ್ಟು ಸ್ವತಂತ್ರರು ಎಂದು ಕೇಳುವವರಿದ್ದಾರೆ. ಪ್ರಶ್ನೆ ನ್ಯಾಯವಾದದ್ದೇ. ಆದರೆ ಆ ಹುದ್ದೆಯಲ್ಲಿರುವವರನ್ನು ಹೈಕೋರ್ಟ್ ನ್ಯಾಯಮೂರ್ತಿಯನ್ನು ತೆಗೆಯುವ ಕ್ರಮದಲ್ಲಿ ಮಾತ್ರ ತೆಗೆಯಬಹುದು. ಸೇವೆಯಲ್ಲಿರುವ ಸರ್ಕಾರಿ ಅಧಿಕಾರಿಗೆ ಆ ಹೊಣೆ ವಹಿಸುವಂತಿಲ್ಲ ಎಂದು ಗೋವಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2021ರಲ್ಲೇ ಹೇಳಿದೆ. ನಾಳೆ ವರ್ಗಾವಣೆ ಮಾಡಬಹುದಾದ ಅಧಿಕಾರಿಗಳ ಸಮಿತಿಗಿಂತ ಇದು ಎಷ್ಟೋ ಮೇಲು.

ಆದ್ದರಿಂದ ಪುನರ್‌ವಿಂಗಡಣೆಯ ಪೂರ್ಣ ಹೊಣೆಯನ್ನು ರಾಜ್ಯ ಚುನಾವಣಾ ಆಯುಕ್ತರ ಅಧ್ಯಕ್ಷತೆಯ ಆಯೋಗಕ್ಕೆ ಕೊಟ್ಟು, ಒಂದು ಜನಗಣತಿಗೆ ಒಂದೇ ಪುನರ್‌ವಿಂಗಡಣೆ ಎಂದು ಕಾಯ್ದೆಯಲ್ಲೇ ಬರೆಯಬೇಕು. ಕರಡಿನ ಜೊತೆ ಬರಿಯ ಚಕ್ಕುಬಂದಿ ವಿವರಣೆಯಷ್ಟೇ ಅಲ್ಲದೆ, ಬೀದಿ ಬೀದಿಯೂ ಕಾಣುವ ನಕ್ಷೆ ಮತ್ತು ಪ್ರತಿ ವಾರ್ಡಿನ ಜನಸಂಖ್ಯೆಯನ್ನು ಪ್ರಕಟಿಸಿ, ಆಕ್ಷೇಪಣೆಗೆ 2022 ಮತ್ತು 2023ರಲ್ಲಿ ಕೊಟ್ಟಂತೆ ಹದಿನೈದು ದಿನವಲ್ಲ, ಕನಿಷ್ಠ ಎರಡು ತಿಂಗಳು ಕೊಡಬೇಕು. ತಿರಸ್ಕರಿಸಿದ ಪ್ರತಿ ಆಕ್ಷೇಪಣೆಗೂ ಲಿಖಿತ ಕಾರಣ ಇರಬೇಕು. ಮುಂದಿನ ಜನಗಣತಿಯ ಎಣಿಕೆ ನಿಗದಿಯಾಗಿರುವುದು 2027ರ ಫೆಬ್ರುವರಿಗೆ. ಅದರ ಅಂಕಿ ಬಂದ ಮೇಲೆ ಗಡಿಗಳನ್ನು ಮತ್ತೆ ಎಳೆಯಲೇಬೇಕಾಗುತ್ತದೆ, ಆಗ ಯಾವ ಪಕ್ಷ ಅಧಿಕಾರದಲ್ಲಿರುತ್ತದೆ ಎಂಬುದು ಇಂದು ಯಾರಿಗೂ ಗೊತ್ತಿಲ್ಲ. ಹಾಗಾಗಿ ಎಲ್ಲ ಪಕ್ಷಗಳೂ ಒಪ್ಪಬಹುದಾದ ನಿಯಮ ಮಾಡಲು ಇದಕ್ಕಿಂತ ಒಳ್ಳೆಯ ಸಮಯ ಸಿಗಲಾರದು.

ಬಡಾವಣೆಗಳ ನಿವಾಸಿಗಳ ಕ್ಷೇಮಾಭಿವೃದ್ಧಿ ಸಂಘಗಳು ಮತ ಕೇಳಲು ಬರುವ ಪ್ರತಿ ಪಕ್ಷದ ಅಭ್ಯರ್ಥಿಯಿಂದಲೂ, ಶಾಸಕರಿಂದಲೂ ಈ ತಿದ್ದುಪಡಿಗೆ ಒಪ್ಪಿಗೆ ಇದೆಯೇ ಎಂಬುದಕ್ಕೆ ಲಿಖಿತ ಉತ್ತರ ಪಡೆದು, ಆ ಉತ್ತರವನ್ನು ಸಂಘದ ಸೂಚನಾ ಫಲಕದಲ್ಲಿ ಹಾಕಬೇಕೆಂದು ಈ ಪತ್ರದ ಮೂಲಕ ಕೋರುತ್ತೇನೆ.

ಇಂತಿ,
ಒಬ್ಬ ಮತದಾರ, ಬೆಂಗಳೂರು